ದೊಡ್ಡವ್ವನ ಹೆಸರು ಇರುವ ಪಿಡಿಎಫ್

ಪೋಸ್ಟ್ ಉದ್ದ ಇದೆ, ಬಿಡುವು ಮಾಡ್ಕೊಂಡು ಓದಿ. ಓದದೇ ಲೈಕ್ ಒತ್ತಿ ಮುಂದೆ ಹೋಗೋರಿಗೂ ಶರಣು, ಆದರೆ ಈ ಸಲ ಕೊನೆಯಲ್ಲಿ ಒಂದು ಕೆಲಸ ಹೇಳಿದ್ದೀನಿ.

ಹಳೇ ಕನ್ನಡ ಪತ್ರಿಕೆಗಳನ್ನು ಸ್ಕ್ಯಾನ್ ಮಾಡಿ ಪಿಡಿಎಫ್ ಹಂಚಿಕೊಳ್ಳುವ ಟೆಲಿಗ್ರಾಂ ಗುಂಪುಗಳಲ್ಲಿ ನಾನು ಎರಡು ವರ್ಷದಿಂದ ಇದ್ದೀನಿ. ಈಗ ನನ್ನ ಫೋನಿನಲ್ಲಿ ಇಂಥವು ಐದು ಇವೆ. ಆಫೀಸು ಮುಗಿಸಿ ಬಿಳಿಕೆರೆಗೆ ಬಂದು, ಊಟ ಮಾಡಿ, ಒಂಬತ್ತೂವರೆ ಮೇಲೆ ಫೋನ್ ಹಿಡಿದರೆ ಹನ್ನೊಂದಾಗಿದ್ದು ಗೊತ್ತಾಗಲ್ಲ. ಮನೆಯಲ್ಲಿ ಬೈಸಿಕೊಂಡಿದ್ದೂ ಆಗಿದೆ.

ಅದೊಂದು ಬೇರೆ ಲೋಕ. ಯಾರೋ ಒಬ್ಬರು "1974ರ ದೀಪಾವಳಿ ವಿಶೇಷಾಂಕ ಯಾರತ್ರ ಇದೆ ಸರ್" ಅಂತ ಕೇಳ್ತಾರೆ. ಅರ್ಧ ಗಂಟೆಯೊಳಗೆ ಇನ್ಯಾರೋ ನೂರಿಪ್ಪತ್ತು ಎಂಬಿ ಫೈಲ್ ಹಾಕಿರ್ತಾರೆ. ಪ್ರತಿ ಪುಟದ ಮೇಲೂ ಅಡ್ಡಲಾಗಿ ತಮ್ಮ ಗುಂಪಿನ ಹೆಸರು ಒತ್ತಿರ್ತಾರೆ, ಹೊಲಕ್ಕೆ ಬದು ಹಾಕಿದ ಹಾಗೆ. ಕೆಲವರು ಫೈಲ್ ಕೊಡಲ್ಲ, ಲಿಂಕ್ ಕೊಡ್ತಾರೆ. ಅದನ್ನ ಒತ್ತಿ ಮೂರು ಜಾಹೀರಾತು ದಾಟಿದ ಮೇಲೆ ಫೈಲೇ ಇಲ್ಲ ಅಂತ ಬರುತ್ತೆ. "ಲಿಂಕ್ ಸತ್ತಿದೆ ಸರ್, ದಯವಿಟ್ಟು ಮತ್ತೆ ಹಾಕಿ" ಅನ್ನೋದು ಅಲ್ಲಿ ದಿನಾ ಬೆಳಗಿನ ನಮಸ್ಕಾರ ಇದ್ದಂಗೆ. ಅತಿ ಹೆಚ್ಚು ಕೇಳೋದು ಚಂದಮಾಮ. 1947ರಲ್ಲಿ ತೆಲುಗು, ತಮಿಳಿನಲ್ಲಿ ಶುರುವಾಗಿ 1949ರಲ್ಲಿ ಕನ್ನಡಕ್ಕೆ ಬಂದ ಪತ್ರಿಕೆ ಅದು. ವರ್ಷವರ್ಷದ್ದೂ ಜೋಡಿಸಿಟ್ಟುಕೊಂಡವರು ಇದ್ದಾರೆ. ಆಮೇಲೆ 1956ರಲ್ಲಿ ಹುಬ್ಬಳ್ಳಿಯಿಂದ ಹೊರಟ ಕಸ್ತೂರಿ, 1965ರ ಸುಧಾ, 1968ರ ಮಯೂರ. ಸಿನಿಮಾ ಪತ್ರಿಕೆಗಳಿಗಂತೂ ಲೆಕ್ಕವೇ ಇಲ್ಲ.

ಈ ಗುಂಪುಗಳನ್ನು ಬೈಯೋಕೆ ಬಂದಿಲ್ಲ ನಾನು. ಕಾನೂನಿನ ಕಣ್ಣಲ್ಲಿ ಇದರಲ್ಲಿ ಬಹಳಷ್ಟು ತಪ್ಪೇ. 2020ರಲ್ಲಿ ಇ-ಪೇಪರ್‌ಗಳ ಪಿಡಿಎಫ್ ಟೆಲಿಗ್ರಾಂನಲ್ಲಿ ಓಡಾಡಿದಾಗ ದೈನಿಕ್ ಜಾಗರಣ್ ಪತ್ರಿಕೆಯವರು ದೆಹಲಿ ಹೈಕೋರ್ಟಿಗೆ ಹೋದರು, ಕೋರ್ಟು ಅಂಥ ಚಾನೆಲ್‌ಗಳನ್ನು ತೆಗೆಯಬೇಕು ಅಂತ ಹೇಳಿತು. ಆದರೆ ನಲವತ್ತು ವರ್ಷದ ಹಿಂದೆ ನಿಂತುಹೋದ ಪತ್ರಿಕೆ, ಅದರ ಮಾಲೀಕನೂ ಇಲ್ಲ, ಪ್ರೆಸ್ಸೂ ಇಲ್ಲ, ಅಂಥದ್ದನ್ನ ಯಾರೋ ಒಬ್ಬರು ಗುಜರಿಯಿಂದ ತಂದು, ಪುಟಪುಟ ಬಿಡಿಸಿ, ಸುಕ್ಕು ನೀವಿ, ರಾತ್ರಿ ಎಲ್ಲ ಕೂತು ಸ್ಕ್ಯಾನ್ ಮಾಡಿದರೆ ಅವರಿಗೆ ನಾನು ಕೈ ಮುಗೀತೀನಿ. ನೇರ ದಾರಿಯಲ್ಲೂ ಕೆಲಸ ನಡೀತಿದೆ. ಬೆಂಗಳೂರಿನಲ್ಲಿ 'ಸರ್ವೆಂಟ್ಸ್ ಆಫ್ ನಾಲೆಡ್ಜ್' ಹೆಸರಿನಲ್ಲಿ ಹಳೇ ಪುಸ್ತಕ, ಪತ್ರಿಕೆ ಸ್ಕ್ಯಾನ್ ಮಾಡಿ ಇಂಟರ್ನೆಟ್ ಆರ್ಕೈವ್‌ಗೆ ಹಾಕ್ತಿದ್ದಾರೆ. 'ಸಂಚಯ'ದ ಗೆಳೆಯರು ಕನ್ನಡ ಪುಸ್ತಕಗಳನ್ನು ಕನ್ನಡದಲ್ಲೇ ಹುಡುಕುವಂಗೆ ಮಾಡಿದ್ದಾರೆ. ಆದರೂ ಒಂದೇ ಕಡೆ ಇಟ್ಟು ನಿಶ್ಚಿಂತೆಯಿಂದ ಇರೋ ಹಂಗಿಲ್ಲ. 2024ರ ಅಕ್ಟೋಬರ್‌ನಲ್ಲಿ ಆ ಆರ್ಕೈವ್ ಮೇಲೇ ಸೈಬರ್ ದಾಳಿ ಆಗಿ ಎಷ್ಟೋ ದಿನ ಬಾಗಿಲು ಹಾಕಿತ್ತು.

ಗುಂಪು ಸೇರಿದ ಮೊದಲ ದಿನ ನಾನು ಹುಡುಕಿದ್ದು 'ಪಂಚಮ'. ಗೊತ್ತಿಲ್ಲದ ಹೊಸ ಹುಡುಗರಿಗೆ ಹೇಳ್ತೀನಿ. 1973ರ ನವೆಂಬರ್‌ನಲ್ಲಿ ಮಂತ್ರಿಯಾಗಿದ್ದ ಬಿ. ಬಸವಲಿಂಗಪ್ಪನವರು ಮೈಸೂರಿನಲ್ಲಿ ಕನ್ನಡ ಸಾಹಿತ್ಯದಲ್ಲಿ ಬಹುಪಾಲು ಬೂಸಾ ಅಂದರು. ರಾಜ್ಯವೆಲ್ಲ ಹೊತ್ತಿಕೊಂಡಿತು, ದಲಿತ ವಿದ್ಯಾರ್ಥಿಗಳು ಹೊಡೆಸಿಕೊಂಡರು, ಬಸವಲಿಂಗಪ್ಪನವರು ರಾಜೀನಾಮೆ ಕೊಟ್ಟರು. ನಮ್ಮ ಹುಣಸೂರಿನವರೇ ಆದ ಅರಸು ಮುಖ್ಯಮಂತ್ರಿ ಆಗಿದ್ದ ಕಾಲ ಅದು. ಆ ಬಿಸಿಯಲ್ಲೇ ದಲಿತ ಸಂಘರ್ಷ ಸಮಿತಿ ಹುಟ್ಟಿತು, ಬಿ. ಕೃಷ್ಣಪ್ಪನವರು ಮುಂದೆ ನಿಂತರು. ಎಪ್ಪತ್ತರ ದಶಕದ ನಡುವಿನಲ್ಲಿ ಮೈಸೂರಿನಿಂದ ಹೊರಟ ಚಳವಳಿಯ ಪತ್ರಿಕೆ 'ಪಂಚಮ'. ದೊಡ್ಡ ಪೇಪರಿನವರು ಒಂದು ಸಾಲೂ ಬರೆಯದ ಹಳ್ಳಿಯ ಸುದ್ದಿಗೆ ಅಂಥ ಪತ್ರಿಕೆಗಳಲ್ಲಿ ಜಾಗ ಇತ್ತು.

ನಾನಿರೋ ಐದು ಗುಂಪಿನಲ್ಲಿ ಒಂದು ಸಂಚಿಕೆಯೂ ಸಿಗಲಿಲ್ಲ. "ಪಂಚಮ ಇದ್ಯಾ ಸರ್" ಅಂತ ಕೇಳಿದೆ. ಒಬ್ಬರು ಸಂಗೀತದ ಪುಸ್ತಕ ಕಳಿಸಿದರು. ಪಂಚಮ ಅಂದ್ರೆ ಅವರಿಗೆ ಸ್ವರ. ತಪ್ಪೇನಿಲ್ಲ ಬಿಡಿ. ಇನ್ನೊಬ್ಬರು ನಿವೃತ್ತ ಬ್ಯಾಂಕ್ ನೌಕರರು, ನಲವತ್ತು ವರ್ಷದ ಕಸ್ತೂರಿ ಜೋಪಾನ ಮಾಡಿದವರು, ನನಗೆ ಪ್ರತ್ಯೇಕ ಮೆಸೇಜ್ ಮಾಡಿ ಬಹಳ ಪ್ರೀತಿಯಿಂದ ಮಾತಾಡಿದರು. ಯಾವ ಪತ್ರಿಕೆ, ಯಾವ ವರ್ಷ ಎಲ್ಲ ಕೇಳಿದರು. ನಾಲ್ಕನೇ ಮೆಸೇಜಿಗೆ "ತಾವು ಯಾವ ಕಡೆಯವರು?" ಅಂದರು. ಬಿಳಿಕೆರೆ ಅಂದೆ. "ಅದು ಗೊತ್ತಾಯ್ತು, ಅಂದ್ರೆ..." ಅಂದರು. ನಾನೂ ಆಫೀಸಿನಲ್ಲಿ ಇಪ್ಪತ್ತು ವರ್ಷ ಕಳೆದವನು, ಆ ಮೂರು ಚುಕ್ಕಿ ಓದೋಕೆ ಬರುತ್ತೆ. ನೇರವಾಗೇ ಹೇಳಿದೆ. ಅವರು "ಸಂತೋಷ" ಅಂದರು. ಆಮೇಲೂ ಫೈಲ್ ಕಳಿಸೋದು ನಿಲ್ಲಿಸಲಿಲ್ಲ ಅನ್ನೋದನ್ನೂ ಹೇಳಬೇಕು.

ಯಾಕೆ ಸಿಗಲ್ಲ ಅಂತ ಯೋಚನೆ ಮಾಡಿದೆ. ಒಂದು ಪತ್ರಿಕೆ ಐವತ್ತು ವರ್ಷ ಉಳೀಬೇಕಾದರೆ ಮೊದಲು ಸೋರದ ಮಾಡು ಬೇಕು. ಬಾಗಿಲಿರೋ ಬೀರು ಬೇಕು. ಅದನ್ನ ಮಾರಿ ಎರಡು ಸೇರು ರಾಗಿ ತರಬೇಕಾದ ದಿನ ಬರಬಾರದು. ಮಕ್ಕಳು ಒಲೆ ಹೊತ್ತಿಸೋಕೆ ಕಾಗದ ಕೇಳಿದಾಗ ಕೊಡೋಕೆ ಬೇರೆ ಕಾಗದ ಮನೇಲಿರಬೇಕು. ಸ್ಕ್ಯಾನ್ ಆಗಿ ಬರ್ತಿರೋದೆಲ್ಲ ಬೀರು ಇದ್ದ ಮನೆಗಳ ಪತ್ರಿಕೆ. ನಮ್ಮ ಕೇರಿಗೆ ಬರ್ತಿದ್ದ ಪತ್ರಿಕೆ ಬಂದ ತಿಂಗಳೇ ಇಪ್ಪತ್ತು ಕೈ ದಾಟುತ್ತಿತ್ತು. ನಮ್ಮಪ್ಪ ಏಳನೇ ಕ್ಲಾಸು. ಹೊಗೆಸೊಪ್ಪಿನ ಬ್ಯಾರನ್ನಿನಲ್ಲಿ ರಾತ್ರಿ ಬೆಂಕಿ ಕಾಯೋ ಕೂಲಿ. ಆ ಬೆಂಕಿ ಬೆಳಕಲ್ಲೇ ಜೋರಾಗಿ ಓದಿ ಹೇಳ್ತಿದ್ದನಂತೆ, ಸುತ್ತ ಕೂತೋರಿಗೆ. ಓದಿ ಮುಗಿದ ಪತ್ರಿಕೆ ಪಕ್ಕದೂರಿನ ಕೇರಿಗೆ ಹೋಗೋದು, ಅಲ್ಲಿಂದ ಪಿರಿಯಾಪಟ್ಟಣದ ಕಡೆ ಹೆಣ್ಣು ಕೊಟ್ಟ ಮನೆಗೆ ಹೋಗೋದು. ವಾಪಸ್ ಬರೋದು ಅಂತಲೇ ಇರಲಿಲ್ಲ. ಬಂದರೂ ಸೂರಿನ ಗಳದ ಸಂದಿಗೆ ಸಿಕ್ಕಿಸೋದು. ಹುಣಸೂರಿನ ನಮ್ಮ ಹಿರಿಯ ಸಂಗಾತಿಯೊಬ್ಬರು ಒಂದು ಟ್ರಂಕಿನ ತುಂಬ ಇಟ್ಟಿದ್ದರು. 2019ರ ಆಗಸ್ಟಿನ ಮಳೆಗೆ ಮನೆಗೆ ನೀರು ನುಗ್ಗಿ ಟ್ರಂಕ್ ಮೂರು ದಿನ ನೀರಲ್ಲಿತ್ತು. ತೆಗೆದಾಗ ಎಲ್ಲ ಒಂದೇ ಇಟ್ಟಿಗೆ ಆಗಿತ್ತು.

ಗ್ರಂಥಾಲಯದಲ್ಲಿ ಇರಲ್ವಾ ಅಂತ ಕೇಳ್ತೀರಿ. 1954ರಲ್ಲೇ ಕಾಯ್ದೆ ಬಂತು, 1956ರಲ್ಲಿ ಪತ್ರಿಕೆಗಳನ್ನೂ ಸೇರಿಸಿದರು. ಅಚ್ಚಾದ ಪ್ರತಿಯೊಂದರ ಪ್ರತಿ ಕೋಲ್ಕತ್ತದ ನ್ಯಾಷನಲ್ ಲೈಬ್ರರಿಗೂ ಇನ್ನು ಕೆಲವು ಗ್ರಂಥಾಲಯಕ್ಕೂ ಕಳಿಸಬೇಕು ಅಂತ. ಮುಂದಿನ ಸಂಚಿಕೆಯ ಕಾಗದಕ್ಕೇ ಸಾಲ ಮಾಡ್ತಿದ್ದ ಸಣ್ಣ ಪತ್ರಿಕೆಯವರಿಂದ ಇದನ್ನೆಲ್ಲ ಎಷ್ಟು ನಿರೀಕ್ಷೆ ಮಾಡೋಕಾಗುತ್ತೆ? ಇಲ್ಲೇ ಒಂದು ಗ್ರಂಥಾಲಯಕ್ಕೆ ರಜೆ ಹಾಕಿ ಹೋಗಿ ಕೇಳಿದೆ. ಬೈಂಡ್ ಮಾಡಿಸಿದ್ದು ದೊಡ್ಡ ಪತ್ರಿಕೆಗಳನ್ನ ಮಾತ್ರ, ಸಣ್ಣಪುಟ್ಟವು ವರ್ಷಾಖೈರು ಹರಾಜಿನಲ್ಲಿ ತೂಕಕ್ಕೆ ಹೋದವು ಅಂದರು. ನನಗೆ ಆಶ್ಚರ್ಯ ಆಗಲಿಲ್ಲ. ನಮ್ಮ ಆಫೀಸಿನಲ್ಲೂ ಕಡತ ಮುಗಿದ ಮೇಲೆ ಅದಕ್ಕೊಂದು ಅಕ್ಷರ ಹಾಕ್ತೀವಿ. 'ಎ' ಅಂದ್ರೆ ಶಾಶ್ವತ. ಕೆಳಗಿನ ಅಕ್ಷರ ಬಿದ್ದರೆ ಇಷ್ಟು ವರ್ಷ ಆದ ಮೇಲೆ ನಾಶ. ಅಕ್ಷರ ಹಾಕೋದು ನಮ್ಮಂಥ ಗುಮಾಸ್ತರ ಕೈ, ಸಹಿ ಸಾಹೇಬರದು. ಯಾರ ಅರ್ಜಿಗೆ 'ಎ' ಬೀಳುತ್ತೆ, ಯಾರದ್ದಕ್ಕೆ ಬೀಳಲ್ಲ ಅನ್ನೋದು ರೆಕಾರ್ಡ್ ರೂಮಿನ ಧೂಳು ಕುಡಿದವರಿಗೆ ಗೊತ್ತು.

ಇದೇನು ಹೊಸದಲ್ಲ. 1920ರ ಜನವರಿ 31ರಂದು ಬಾಬಾಸಾಹೇಬರು 'ಮೂಕನಾಯಕ' ಶುರು ಮಾಡಿದಾಗ, ದುಡ್ಡು ಕೊಡ್ತೀವಿ ಅಂದರೂ 'ಕೇಸರಿ' ಪತ್ರಿಕೆ ಅದರ ಜಾಹೀರಾತು ಹಾಕಲಿಲ್ಲ. 1927ರಲ್ಲಿ 'ಬಹಿಷ್ಕೃತ ಭಾರತ' ಬಂತು, ಅದರ ಅಂಕಣಗಳನ್ನ ಬಹುಪಾಲು ತಾವೇ ಕೂತು ಬರೆದರು. ಅವೆರಡೂ ಇವತ್ತು ನಮ್ಮ ಕೈಗೆ ಸಿಗೋದು ಮಹಾರಾಷ್ಟ್ರ ಸರ್ಕಾರ ಅವನ್ನ ಪುಸ್ತಕವಾಗಿ ಮರುಮುದ್ರಣ ಮಾಡಿದ್ದರಿಂದ, ಮತ್ತೆ ವಸಂತ ಮೂನ್ ಅಂಥವರು ಜೀವ ತೇಯ್ದು ಕೂಡಿಹಾಕಿದ್ದರಿಂದ. ಬಾಬಾಸಾಹೇಬರ ಪತ್ರಿಕೆಗೇ ಹಿಂಗಾದರೆ ನಮ್ಮ ತಾಲ್ಲೂಕಿನ ವರದಿಗಾರ ಕಾರ್ಡಿನಲ್ಲಿ ಬರೆದು ಕಳಿಸಿದ ಸುದ್ದಿ ಯಾವ ಲೆಕ್ಕ.

ಈಗ ನಾನು ಹುಡುಕೋಕೆ ಶುರು ಮಾಡಿದ ಕಾರಣಕ್ಕೆ ಬರ್ತೀನಿ. ಸಾಹಿತ್ಯದ ಪ್ರೀತಿ ಏನಲ್ಲ. ನಮ್ಮೂರಿನ ವಾಟ್ಸಾಪ್ ಗುಂಪಿದೆ. ಊರಿನ ಹೆಸರು ಬೇಕಂತಲೇ ಬರೀತಿಲ್ಲ, ಬಿಳಿಕೆರೆ ಸುತ್ತಿನದು ಅಂತ ಇಟ್ಕೊಳ್ಳಿ. ಎರಡು ವರ್ಷದ ಹಿಂದೆ ಏಪ್ರಿಲ್ 14ಕ್ಕೆ ಮೆರವಣಿಗೆ ಯಾವ ಬೀದಿಯಲ್ಲಿ ಹೋಗಬೇಕು ಅಂತ ಮಾತು ಬಂತು. ಮೇಲಿನ ಬೀದಿಯ ಒಬ್ಬ ಹುಡುಗ, ಇಂಜಿನಿಯರಿಂಗ್ ಓದಿದವನು, ಬರೆದ: ನಮ್ಮೂರಲ್ಲಿ ಯಾವತ್ತೂ ಜಾತಿ ಅನ್ನೋದೇ ಇರಲಿಲ್ಲ, ಎಲ್ಲ ಅಣ್ಣತಮ್ಮಂದಿರ ಹಾಗೆ ಇದ್ದೆವು, ಈಗ ಹೊರಗಿನವರ ಮಾತು ಕೇಳಿ ಒಡೀತಿದ್ದೀರಿ ಅಂತ. ಅವನ ಮೇಲೆ ನನಗೆ ಸಿಟ್ಟಿಲ್ಲ. ಅವನಿಗೆ ಹಂಗೇ ಹೇಳಿ ಬೆಳೆಸಿದ್ದಾರೆ. ನಮ್ಮ ಹುಡುಗರು ನನ್ನತ್ರ ಓಡಿ ಬಂದರು. ಬಾವಿ ಗಲಾಟೆ ವಿಷಯ ನಮ್ಮಪ್ಪ ಸಾಯೋ ತನಕ ಹೇಳ್ತಿದ್ದ, ಪೇಪರಲ್ಲೂ ಬಂದಿತ್ತು ಅಂತಿದ್ದ. ಅದನ್ನ ಹೇಳಿದೆ. ಹುಡುಗರು ಒಂದೇ ಮಾತು ಕೇಳಿದರು: "ಪ್ರೂಫ್ ಇದ್ಯಾ ಅಣ್ಣ?"

ಪ್ರೂಫ್. ಕೇರಿಯಲ್ಲಿ ಮೂರು ಮುದುಕಿಯರು ಜೀವಂತ ಕೂತಿದ್ದಾರೆ. ಆದರೆ ಹುಡುಗರು ಕೇಳಿದ್ದು ಕಾಗದ. ನಾನೂ ಕಾಗದದ ಆಳೇ, ಅವರನ್ನ ಬೈಯೋಕೆ ಬಾಯಿ ಬರಲಿಲ್ಲ.

ಹದಿನಾಲ್ಕು ತಿಂಗಳು ಹುಡುಕಿದೆ. ಕನ್ನಡದ ಹಳೇ ಅಚ್ಚುಮೊಳೆ ಅಕ್ಷರವನ್ನು ಮಷೀನು ಸರಿಯಾಗಿ ಓದಲ್ಲ, ಒತ್ತಕ್ಷರ ಬಂದ ಕಡೆ ಎಡವುತ್ತೆ. ಹಂಗಾಗಿ ಊರಿನ ಹೆಸರು ಟೈಪ್ ಮಾಡಿ ಹುಡುಕಿದರೆ ಸಿಗಲ್ಲ, ಕಣ್ಣಲ್ಲೇ ಪುಟ ತಿರುವಬೇಕು. ಕಡೆಗೆ ಸಿಕ್ಕಿದ್ದು ನಾನು ಹುಡುಕದ ಕಡೆ. ಅದೇ ಬ್ಯಾಂಕಿನ ಯಜಮಾನರು ಮೈಸೂರಿನ ಗುಜರಿಯಿಂದ ತಂದ ಒಂದು ಬೈಂಡ್ ಪುಸ್ತಕ ಸ್ಕ್ಯಾನ್ ಮಾಡಿ ಹಾಕಿದ್ದರು. ಯಾರೋ ಪುಣ್ಯಾತ್ಮ ಯಾವ್ಯಾವುದೋ ಪತ್ರಿಕೆಗಳನ್ನ ಸೇರಿಸಿ ಹೊಲಿಸಿದ್ದಾರೆ. ಫೈಲಿನ ಹೆಸರು 'ಇತರೆ 7'. ಇನ್ನೂರ ಹನ್ನೆರಡು ಪುಟ. ನೂರನಲವತ್ತರ ಆಚೆ ಧಾರಾವಾಹಿ ಮುಗಿದು ತಟ್ಟನೆ ಬೇರೆ ಕಾಗದ, ಬೇರೆ ಅಕ್ಷರ ಶುರುವಾಗುತ್ತೆ. ಮುಖಪುಟ ಇಲ್ಲ, ಕೊನೆ ಪುಟ ಇಲ್ಲ, ಒಟ್ಟು ಹನ್ನೆರಡೇ ಪುಟ. ಪತ್ರಿಕೆಯ ಹೆಸರು ಎಲ್ಲೂ ಇಲ್ಲ. ನರಗುಂದ, ನವಲಗುಂದದಲ್ಲಿ ರೈತರ ಮೇಲೆ ಗೋಲಿಬಾರ್ ಆಗಿದ್ದನ್ನು ಹಿಂದಿನ ಸುದ್ದಿಯ ಹಾಗೆ ಬರೆದಿದ್ದಾರೆ, ಅಂದ್ರೆ 1980ರ ಜುಲೈ ಆದ ಮೇಲಿನದು. ಮುಖ್ಯಮಂತ್ರಿ ಗುಂಡೂರಾವ್ ಅಂತಿದೆ, ಅಂದ್ರೆ 1983ರ ಜನವರಿ ಒಳಗಿನದು. ನಾನು ಆಗ ಅವ್ವನ ಸೊಂಟದ ಮೇಲಿದ್ದೆ.

ಆ ಹನ್ನೆರಡರಲ್ಲಿ ಒಂಬತ್ತನೇ ಪುಟ, ಬಲಗಡೆ ಕೆಳಗೆ, ಹತ್ತೊಂಬತ್ತು ಸಾಲು. ನಮ್ಮೂರಿನ ಹೆಸರು. ಬೇಸಿಗೆಯಲ್ಲಿ ಕೇರಿಯ ಬಾವಿ ಬತ್ತಿತು, ಹೆಂಗಸರು ಮೇಲಿನ ಬೀದಿಯ ಸೇದೋ ಬಾವಿಗೆ ಹೋದರು, ಕೊಡ ಒಡೆದರು, ಮೂವರಿಗೆ ಹೊಡೆದರು, ಪೊಲೀಸರು ದೂರು ತಗೊಳ್ಳಲಿಲ್ಲ. ಮೂವರು ಹೆಂಗಸರ ಹೆಸರೂ ಇದೆ, ಪಹಣಿಯಲ್ಲಿ ಬರೆದಂಗೆ: ಇಂಥವರು ಕೋಂ ಇಂಥವರು. ಜಾತಿ, ವಯಸ್ಸು ಸಮೇತ. ಎರಡನೇ ಹೆಸರು ನಮ್ಮ ದೊಡ್ಡವ್ವನದು.

ರಾತ್ರಿ ಹನ್ನೊಂದಾಗಿತ್ತು. ಯಾರನ್ನೂ ಎಬ್ಬಿಸಲಿಲ್ಲ. ಫೋನ್ ಚಾರ್ಜಿಗೆ ಹಾಕಿ ಆಚೆ ಬಂದು ನಿಂತ್ಕೊಂಡೆ. ಕೆ.ಆರ್. ನಗರದ ಕಡೆ ತಿರುಗೋ ಲಾರಿಗಳು ಹೋಗ್ತಾನೇ ಇದ್ದವು.

ಭಾನುವಾರ ಊರಿಗೆ ಹೋಗಿ ದೊಡ್ಡವ್ವನ ಮುಂದೆ ಕೂತು ಓದಿದೆ. ಓದು ಬರಲ್ಲ ಅವಳಿಗೆ, ಕಿವಿ ಚೆನ್ನಾಗಿದೆ. ಹೆಸರು ಬಂದ ಕಡೆ ಕೈ ಎತ್ತಿ ನಿಲ್ಲಿಸಿದಳು. "ಇನ್ನೊಂದ್ಸಲ ಓದ್ಲಾ ಮಗ." ಓದಿದೆ. "ಅಷ್ಟುದ್ದ ನನ್ನ ಯಾರೂ ಕರ್ದಿಲ್ಲ ಕನಾ" ಅಂದು ನಕ್ಕಳು. ಮೂರು ಕೊಡ ಅಂತ ಬರೆದದ್ದು ಸುಳ್ಳಂತೆ, ಐದಂತೆ. ನಾಲ್ಕು ಮಣ್ಣಿನವು ಒಡೆದವು, ಅವಳದು ತೌರಿನಿಂದ ತಂದ ತಾಮ್ರದ ಬಿಂದಿಗೆ, ಕಲ್ಲಿಗೆ ಹೊಡೆದರೂ ಒಡೀಲಿಲ್ಲ, ಸೊಟ್ಟ ಆಯ್ತು. ಆ ವರ್ಷವೇ ಅದನ್ನ ಮಾರಿ ಬಿತ್ತನೆ ರಾಗಿ ತಂದರಂತೆ. ಸೊಟ್ಟ ಇದ್ದದ್ದಕ್ಕೆ ಅಂಗಡಿಯವನು ತೂಕದಲ್ಲಿ ಮುರ್ಕೊಂಡನಂತೆ. ನಲವತ್ತು ವರ್ಷ ಆದರೂ ಹೊಡೆತಕ್ಕಿಂತ ಆ ತೂಕದ ಸಿಟ್ಟು ಜಾಸ್ತಿ ಇದೆ ಅವಳಿಗೆ.

ಆಮೇಲೆ ಕೇಳಿದಳು: "ಹೊಡ್ದೋರ ಹೆಸ್ರು ಹಾಕವ್ರಾ?"

ನಾನು ಆ ಪುಟ ಇಪ್ಪತ್ತು ಸಲ ಓದಿದ್ದೆ. ಆ ಪ್ರಶ್ನೆ ನನಗೆ ಹೊಳೆದಿರಲಿಲ್ಲ. ನೋಡಿದರೆ ಅಲ್ಲಿರೋದು 'ಕೆಲವು ಸವರ್ಣೀಯರು'. ಅಷ್ಟೇ. ನಮ್ಮವರದೇ ಪತ್ರಿಕೆ, ನಮ್ಮ ಪರವಾಗೇ ಬರೆದದ್ದು, ಆದರೂ ಹೊಡೆಸಿಕೊಂಡವರ ಹೆಸರು, ಗಂಡನ ಹೆಸರು, ಜಾತಿ, ವಯಸ್ಸು ಎಲ್ಲ ಇದೆ, ಹೊಡೆದವರು ಮಾತ್ರ 'ಕೆಲವರು'. ಬರೆದವನ ತಪ್ಪು ಅನ್ನೋಕಾಗಲ್ಲ. ಹೆಸರು ಹಾಕಿದ್ದರೆ ಮಾರನೇ ದಿನ ಅವನಿಗೆ ಊರಲ್ಲಿ ಕೂಲಿ ಹುಟ್ತಿರಲಿಲ್ಲ. "ಇಲ್ಲ ದೊಡ್ಡವ್ವ" ಅಂದೆ. "ನಾ ಹೇಳ್ತೀನಿ ಬರ್ಕೋ" ಅಂದಳು. ನಾಲ್ಕು ಹೆಸರು ಹೇಳಿದಳು, ಅವರಪ್ಪಂದಿರ ಹೆಸರು ಸಮೇತ. ಬರ್ಕೊಂಡೆ. ಮೂವರು ಸತ್ತಿದ್ದಾರೆ. ಒಬ್ಬರು ಇದ್ದಾರೆ, ನನ್ನನ್ನ ಕಂಡರೆ ಈಗಲೂ ಚೆನ್ನಾಗಿ ಮಾತಾಡಿಸ್ತಾರೆ.

ಕಥೆ ಇಲ್ಲಿಗೆ ಮುಗಿದಿದ್ದರೆ ಅವತ್ತೇ ಆ ಪುಟ ಇಲ್ಲೇ ಹಾಕಿಬಿಡ್ತಿದ್ದೆ. ದೊಡ್ಡವ್ವನ ಮೊಮ್ಮಗಳು ಮೈಸೂರಿನಲ್ಲಿ ಒಂದು ಕಂಪನಿಯಲ್ಲಿ ಕೆಲಸ ಮಾಡ್ತಾಳೆ. ವಿಷಯ ಗೊತ್ತಾಗಿ ರಾತ್ರಿ ಫೋನ್ ಮಾಡಿದಳು. "ಮಾವ, ದಯವಿಟ್ಟು ಹಾಕ್ಬೇಡಿ" ಅಂದಳು. ಅವಳ ಇನಿಶಿಯಲ್‌ನಲ್ಲಿ ಇರೋದು ಊರಿನ ಹೆಸರು. ಬಾಡಿಗೆ ಮನೆ ಸಿಗೋಕೆ ನಾಲ್ಕು ತಿಂಗಳು ಅಲೆದಿದ್ದಾಳೆ, ಕಡೆಗೆ ಸಿಕ್ಕ ಮನೆಯವರು ಏನೂ ಕೇಳಲಿಲ್ಲ, ಇವಳು ಏನೂ ಹೇಳಲಿಲ್ಲ. "ನಿಮಗೆ ಅದು ಹೋರಾಟ. ನಾನು ದಿನಾ ಆ ಗೇಟ್ ದಾಟಿ ಒಳಗೆ ಹೋಗ್ಬೇಕು" ಅಂದಳು. ನನ್ನ ನಾಲಿಗೆ ತುದಿಯಲ್ಲಿ ಭಾಷಣ ಇತ್ತು. ಸ್ವಾಭಿಮಾನ, ಬಾಬಾಸಾಹೇಬರು, ಎಲ್ಲ. ಮಾತಾಡಲಿಲ್ಲ. ಬಾಡಿಗೆ ಮನೆ ಹುಡುಕಿದವರು ಯಾರಾದರೂ ಈ ಪೋಸ್ಟ್ ಓದ್ತಿದ್ದರೆ ಯಾಕೆ ಅಂತ ಅರ್ಥ ಆಗುತ್ತೆ.

ಅಜ್ಜಿಗೆ ಹೆಸರು ಬೇಕು. ಮೊಮ್ಮಗಳಿಗೆ ಬೇಡ. ಇಬ್ಬರದೂ ನಿಜ.

ಹುಡುಗರಿಗೆ ಹೆಸರುಗಳ ಮೇಲೆ ಕಪ್ಪು ಪಟ್ಟಿ ಎಳೆದು ಪುಟ ಕೊಟ್ಟೆ. ಊರ ಗುಂಪಿಗೆ ಹಾಕಿದರು. ಹತ್ತು ನಿಮಿಷ ಯಾರೂ ಮಾತಾಡಲಿಲ್ಲ. ಆಮೇಲೆ ಆ ಇಂಜಿನಿಯರ್ ಹುಡುಗ ಬರೆದ: ಪೇಪರ್ ಹೆಸರಿಲ್ಲ, ತಾರೀಖಿಲ್ಲ, ಹೆಸರೆಲ್ಲ ಅಳಿಸಿದ್ದೀರಿ, ಇದನ್ನ ಯಾರು ಬೇಕಾದರೂ ಫೋನಲ್ಲೇ ಮಾಡಬಹುದು. ಇನ್ನೊಬ್ಬ ಎಐ ಅಂದ. ನಗುವ ಗೊಂಬೆಗಳು ಬಂದವು. ಅಷ್ಟರಲ್ಲಿ ಮೇಲಿನ ಬೀದಿಯ ಒಬ್ಬ ಹಿರಿಯರು "ಬಾವಿ ವಿಷಯ ನಿಜ" ಅಂತ ಮೂರೇ ಪದ ಬರೆದರು. ಯಾರು ಏನು ಹೇಳಿದರೋ, ಐದು ನಿಮಿಷಕ್ಕೆ ಅದನ್ನ ಡಿಲೀಟ್ ಮಾಡಿದರು. ನಮ್ಮ ಒಬ್ಬ ಹುಡುಗ ಅಷ್ಟರೊಳಗೆ ಸ್ಕ್ರೀನ್‌ಶಾಟ್ ತೆಗೆದಿದ್ದ. ಅದನ್ನ ಮತ್ತೆ ಹಾಕ್ತೀನಿ ಅಂದ, ಬೇಡ ಅಂದೆ. ಎಂಬತ್ತು ದಾಟಿದ ಮನುಷ್ಯ, ಒಂದು ಸಲ ನಿಜ ಹೇಳಿದ್ದಾರೆ. ಮೆರವಣಿಗೆ ಆ ವರ್ಷ ಮೇಲಿನ ಬೀದಿಯಲ್ಲಿ ಹೋಗಲಿಲ್ಲ. ಈ ವರ್ಷ ಹೋಯಿತು, ಪೊಲೀಸ್ ಬಂದೋಬಸ್ತಿನಲ್ಲಿ.

ಇದೆಲ್ಲ ಯಾಕೆ ಬರೆದೆ ಅಂದ್ರೆ, ಈಗ ಚಳವಳಿಯ ಪತ್ರಿಕೆಗಳನ್ನೆಲ್ಲ ಡಿಜಿಟಲ್ ಮಾಡಬೇಕು ಅನ್ನೋ ಮಾತು ಸಭೆಗಳಲ್ಲಿ ಬರ್ತಿದೆ. ಮಾಡಲೇಬೇಕು, ನಾಳೆ ಅಲ್ಲ ಇವತ್ತು. ಅಗ್ಗದ ಕಾಗದ, ಮುಟ್ಟಿದರೆ ಉದುರುತ್ತೆ. ಆದರೆ ಸ್ಕ್ಯಾನ್ ಮಾಡಿ ಎಲ್ಲವನ್ನೂ ಒಟ್ಟಿಗೆ ಗುಂಪುಗಳಿಗೆ ಸುರಿಯೋದಕ್ಕೆ ನನ್ನ ಒಪ್ಪಿಗೆ ಇಲ್ಲ. ಚಂದಮಾಮದ ಬೇತಾಳನಿಗೆ ಮೊಮ್ಮಕ್ಕಳಿಲ್ಲ, ಬಾಡಿಗೆ ಮನೆ ಹುಡುಕಬೇಕಾಗಿಲ್ಲ. ನಮ್ಮ ಪತ್ರಿಕೆಗಳ ಪುಟಪುಟದಲ್ಲೂ ಇರೋದು ಬದುಕಿರೋ ಜನ. ಅದರಲ್ಲೂ ಅತ್ಯಾಚಾರದ ವರದಿಗಳು. ಆ ಕಾಲದಲ್ಲಿ ಹೆಣ್ಣುಮಗಳ ಹೆಸರು, ಊರು, ತಂದೆಯ ಹೆಸರು ಎಲ್ಲ ಹಾಕ್ತಿದ್ದರು. ಹೆಸರು ಬಹಿರಂಗ ಮಾಡಬಾರದು ಅನ್ನೋ 228ಎ ಕಲಂ ಐಪಿಸಿಗೆ ಸೇರಿದ್ದೇ 1983ರಲ್ಲಿ. ಈಗ ಅದೇ ಬಿಎನ್ಎಸ್‌ನ 72ನೇ ಕಲಂ. ಅಂದು ಐನೂರು ಪ್ರತಿ ಅಚ್ಚಾಗಿ ಮಾಸಿಹೋದ ಹೆಸರು ಇವತ್ತು ಪಿಡಿಎಫ್ ಆದರೆ ಗೂಗಲ್ಲಿಗೆ ಸಿಗುತ್ತೆ. ಇವತ್ತು ಮಷೀನು ಒತ್ತಕ್ಷರಕ್ಕೆ ಎಡವುತ್ತೆ, ಇನ್ನು ಎರಡು ವರ್ಷಕ್ಕೆ ಎಡವಲ್ಲ. ಆ ಹೆಣ್ಣುಮಗಳಿಗೆ ಈಗ ಅರವತ್ತು ವರ್ಷ ಆಗಿರಬಹುದು. ಅವಳನ್ನ ಯಾರು ಕೇಳಿದರು?

ಹಂಗಂತ ಮುಚ್ಚಿಡಿ ಅಂತಲೂ ನಾನು ಹೇಳಲ್ಲ. ಹೆಸರು ಅಳಿಸಿದ ಪುಟಕ್ಕೆ ನಮ್ಮೂರ ಗುಂಪಿನಲ್ಲಿ ಏನು ಮರ್ಯಾದೆ ಸಿಕ್ಕಿತು ಅಂತ ಮೇಲೆ ಓದಿದ್ರಲ್ಲ. ಅದಕ್ಕೆ ನಾವು ನಾಲ್ಕು ಜನ ಮಾತಾಡ್ಕೊಂಡು ಹಿಂಗೆ ಮಾಡ್ತಿದ್ದೀವಿ. ಮೂಲ ಪುಟವನ್ನ ಒಂದಕ್ಷರ ಬಿಡದೆ ಸ್ಕ್ಯಾನ್ ಮಾಡಿ ಮೂರು ಹಾರ್ಡ್ ಡಿಸ್ಕಿನಲ್ಲಿ, ಮೂರು ಬೇರೆ ಊರಲ್ಲಿ ಇಡ್ತೀವಿ. ಕಥೆ, ಕವಿತೆ, ಸಂಪಾದಕೀಯ, ಸಭೆಯ ವರದಿ, ಇವುಗಳನ್ನು ಸಂಪಾದಕರನ್ನೋ ಅವರ ಮನೆಯವರನ್ನೋ ಕೇಳಿ ಎಲ್ಲರಿಗೂ ಬಿಡ್ತೀವಿ. ದೌರ್ಜನ್ಯದ ವರದಿಗಳಿಗೆ ಮಾತ್ರ ಆ ಊರಿಗೆ ಹೋಗಿ, ಆ ಮನೆಯವರ ಮುಂದೆ ಓದಿ, ಅವರು ಹೇಳಿದಂಗೆ ನಡ್ಕೋತೀವಿ. ಅತ್ಯಾಚಾರದ ವರದಿ ಆದರೆ ಕಾನೂನು ಏನು ಹೇಳುತ್ತೋ ಅದೇ, ಹೆಸರು ಕಾಣಬಾರದು. ಓದಿದಾಗ ಅವರು ಹೇಳಿದ್ದನ್ನೂ ಬರ್ಕೋತೀವಿ. ದೊಡ್ಡವ್ವ ಹೇಳಿದಂಗೆ, ವರದಿಯಲ್ಲಿ ಬಿಟ್ಟುಹೋದದ್ದನ್ನ. ನಿಧಾನದ ಕೆಲಸ, ಗೊತ್ತು. ಇದುವರೆಗೆ ಹುಣಸೂರು, ಪಿರಿಯಾಪಟ್ಟಣ, ಕೋಟೆ ಮೂರು ತಾಲ್ಲೂಕು ಸೇರಿ ಹನ್ನೊಂದು ಮನೆ ಮುಗಿದಿದೆ. ಇಬ್ಬರು ಹಾಕಿ ಅಂದರು. ಆರು ಮನೆಯವರು ಬೇಡ ಅಂದರು. ಮಿಕ್ಕವರು ಇನ್ನೂ ಮನೆಯೊಳಗೇ ಮಾತಾಡ್ಕೋತಿದ್ದಾರೆ, ನಮ್ಮ ದೊಡ್ಡವ್ವನ ಮನೆಯೂ ಸೇರಿ. ಹೋದ ತಿಂಗಳು ಮೊಮ್ಮಗಳು ಊರಿಗೆ ಬಂದಾಗ ಅಜ್ಜಿಗೆ ಅವಳೇ ಆ ಪುಟ ಓದಿ ಹೇಳಿದಳಂತೆ. ಹಾಕಿ ಅಂತ ಇನ್ನೂ ಹೇಳಿಲ್ಲ. ಐದು ಕೊಡ ಅಂತ ತಿದ್ದಿದ್ದೀರಾ ಮಾವ ಅಂತ ಕೇಳಿದಳು.

ಗುಂಪಿನ ಆ ಬ್ಯಾಂಕಿನ ಯಜಮಾನರಿಗೂ ವಿಷಯ ಹೇಳಿದೆ. ಆ ಹನ್ನೆರಡು ಪುಟ ತ‌ಮ್ಮ ಫೈಲಿನಿಂದ ತೆಗೆದುಬಿಟ್ಟರು, ನಾನು ಕೇಳೋಕೆ ಮೊದಲೇ. ಮೂಲ ಬೈಂಡನ್ನ ಕೊರಿಯರ್ ಮಾಡ್ತೀನಿ ಅಂದರು. ನಾನೇ ಹೋಗಿ ತಂದೆ. ಕಾಫಿ ಕೊಟ್ಟರು, ಸ್ಟೀಲ್ ಲೋಟ, ಅವರದ್ದೂ ಅದೇ. ಇಂಥದ್ದನ್ನ ಗಮನಿಸೋ ಅಭ್ಯಾಸ ನನಗೆ ಹೋಗಲ್ಲ, ಏನ್ ಮಾಡೋದು.

ಈಗ ಕೆಲಸ. ನಿಮ್ಮ ಮನೆಯ ಟ್ರಂಕಲ್ಲಿ, ಅಟ್ಟದ ಮೇಲೆ, ಫೋಟೋ ಹಿಂದೆ, ಬೀಗರ ಮನೆಯಲ್ಲಿ, 1973ರಿಂದ 1995ರವರೆಗಿನ ಯಾವುದೇ ಚಳವಳಿಯ ಪತ್ರಿಕೆ, ಕರಪತ್ರ, ಸೈಕ್ಲೋಸ್ಟೈಲ್ ಹಾಳೆ ಇದ್ದರೆ ನನಗೆ ಇನ್‌ಬಾಕ್ಸ್ ಮಾಡಿ. ಮುಖಪುಟ ಇಲ್ಲದಿದ್ದರೂ ಪರವಾಗಿಲ್ಲ, ಅರ್ಧ ಹಾಳೆಯಾದರೂ ಪರವಾಗಿಲ್ಲ. ಬಿಸಿಲಿಗೆ ಹಾಕಬೇಡಿ, ಲ್ಯಾಮಿನೇಷನ್ ಮಾಡಿಸಬೇಡಿ, ಹರಿದ ಕಡೆ ಟೇಪ್ ಅಂಟಿಸಬೇಡಿ. ತುಕ್ಕು ಹಿಡಿದ ಪಿನ್ ಕೀಳೋಕೆ ಹೋಗಬೇಡಿ, ಪುಟವೇ ಕಿತ್ತು ಬರುತ್ತೆ. ಫೋಟೋ ಹೊಡೆದು ಯಾವ ಗುಂಪಿಗೂ ಹಾಕಬೇಡಿ, ದಯವಿಟ್ಟು. ಪತ್ರಿಕೆ ನಿಮ್ಮದೇ, ನಿಮ್ಮ ಮನೆಯಲ್ಲೇ ಇರುತ್ತೆ. ಭಾನುವಾರ ಸ್ಕ್ಯಾನರ್ ಬ್ಯಾಗಲ್ಲಿ ಹಾಕ್ಕೊಂಡು ನಾನೇ ಬಸ್ಸಲ್ಲಿ ಬರ್ತೀನಿ, ಕರೆಂಟ್ ಇರೋ ಟೈಮ್ ಹೇಳಿ. ಊಟ ಮಾತ್ರ ನಿಮ್ಮ ಮನೇಲಿ.

ಜೈ ಭೀಮ್.